ಮಗಳಕೊಂಡಿ ಬಂಡೆ

ಹಾಸಿನಾಳದಿಂದ ಬಿದರಹೊಳಿಗೆ ಹೋಗುವ ಹಳೆಯ ಕಾಲುದಾರಿಯಲ್ಲಿ, ಎರಡು ಗುಡ್ಡಗಳು ಕೂಡುವ ಕಡೆ, ಆಳೆತ್ತರದ ಒಂದು ಬಂಡೆ ಇದೆ. ಅದರ ಅರ್ಧ ಮೈ ಕಪ್ಪು, ಅರ್ಧ ಮೈ ಕೆಂಪು. ಎರಡು ಬಣ್ಣ ಸೇರುವ ಗೆರೆ ನೇರವಾಗಿಲ್ಲ. ಕಪ್ಪು ಕೆಂಪಿನೊಳಗೆ, ಕೆಂಪು ಕಪ್ಪಿನೊಳಗೆ ಹಲ್ಲುಹಲ್ಲಾಗಿ ಕಚ್ಚಿಕೊಂಡಿದೆ. ಇದರ ಹೆಸರು ಮಗಳಕೊಂಡಿ. ದಾರಿಯ ಬದಿ ಯಾರೋ ನೆಟ್ಟ ಫಲಕದಲ್ಲಿ ‘ಜೋಡಿಬಣ್ಣದ ಬಂಡೆ’ ಎಂದಿದೆ. ಆ ಹೆಸರು ಹಿಡಿದು ಕೇಳಿದರೆ ಊರಿನಲ್ಲಿ ಯಾರೂ ದಾರಿ ತೋರಿಸುವುದಿಲ್ಲ. ಬಂಡೆಯ ನೆತ್ತಿಯಲ್ಲಿ ಒಂದು ಕಬ್ಬಿಣದ ಗೂಟ, ಗೂಟದ ತುಂಬ ಕಪ್ಪು ನೂಲಿಗೆ ಕೆಂಪು ರೇಷ್ಮೆ ಸಿಕ್ಕಿಸಿದ ಪುಟ್ಟ ಪುಟ್ಟ ಕೊಂಡಿಗಳು. ನೋಡಲು ಬಂದವರು ಇದನ್ನು ಹರಕೆ ಎಂದುಕೊಂಡು ತಾವೂ ಒಂದು ದಾರ ಕಟ್ಟಿ ಕೈಮುಗಿದು ಹೋಗುತ್ತಾರೆ. ಹರಕೆಯಲ್ಲ. ಏನೆಂಬುದನ್ನು ಊರಿನ ಹಿರಿಯರು ಹೇಳುತ್ತಾರೆ. ಆದರೆ ಅವರು ಹೇಳುವುದರಲ್ಲಿ ಒಂದು ಮಾತನ್ನು ನಾನು ಇವತ್ತಿಗೂ ನಂಬಿಲ್ಲ. ಆ ಜಾಗ ಬಂದಾಗ ಹೇಳುತ್ತೇನೆ.

ಮೊದಲು ಕೊಂಡಿಯ ವಿಷಯ. ಹಾಸಿನಾಳದ ಸೀರೆಯ ಒಡಲಿಗೆ ಕಪ್ಪು ನೂಲಿನ ಹಾಸು, ಅಂದರೆ ಉದ್ದೆಳೆ, ಸೆರಗಿಗೆ ಕೆಂಪು ರೇಷ್ಮೆಯ ಹಾಸು. ಬೇರೆ ಊರಿನವರು ಒಡಲನ್ನೂ ಸೆರಗನ್ನೂ ಬೇರೆ ಬೇರೆ ನೇಯ್ದು ಸೂಜಿಯಿಂದ ಹೊಲಿಯುತ್ತಿದ್ದರು. ಹಾಸಿನಾಳದವರು ಹಾಗಲ್ಲ. ಮಗ್ಗಕ್ಕೆ ಏರಿಸುವ ಮೊದಲೇ ಕಪ್ಪಿನ ಒಂದೊಂದು ಎಳೆಗೆ ಕೆಂಪಿನ ಒಂದೊಂದು ಎಳೆಯನ್ನು ಕೊಂಡಿ ಹಾಕಿ, ಬೆರಳಲ್ಲಿ ಒಂದು ತಿರುವು ಕೊಟ್ಟು, ಗಂಜಿ ಸವರಿ ಕೂಡಿಸುತ್ತಿದ್ದರು. ಒಂದು ಸೀರೆಗೆ ಎರಡು ಸಾವಿರಕ್ಕೂ ಮೇಲೆ ಕೊಂಡಿ. ಹರಿದು ಚಿಂದಿಯಾದರೂ ಸೆರಗು ಒಡಲನ್ನು ಬಿಡುತ್ತಿರಲಿಲ್ಲ. ಈ ವಿದ್ಯೆ ಊರು ಬಿಟ್ಟು ಹೋಗದಿರಲೆಂದು ಒಂದು ಕಟ್ಟಳೆ ಇತ್ತು. ಕೊಂಡಿಯನ್ನು ಗಂಡುಮಕ್ಕಳಿಗೆ, ಸೊಸೆಯಂದಿರಿಗೆ ಕಲಿಸಬೇಕು; ಹೆಣ್ಣುಮಕ್ಕಳಿಗೆ ಮಾತ್ರ ಕಲಿಸಕೂಡದು. ಮಗಳು ಕೊಟ್ಟ ಮನೆಗೆ ಹೋಗುವವಳು, ಕಲಿತದ್ದನ್ನೂ ಕಟ್ಟಿಕೊಂಡು ಹೋಗುತ್ತಾಳೆ ಎಂಬುದು ಅವರ ಲೆಕ್ಕ. ಹಾಗಾಗಿ ಮನೆಯಲ್ಲಿ ಕೊಂಡಿ ಹಾಕುವ ಹೊತ್ತಿಗೆ ಮಗಳನ್ನು ನೀರಿಗೆ ಕಳಿಸುತ್ತಿದ್ದರಂತೆ. ಹಡೆದ ಮಗಳ ಮೇಲೆ ಗುಮಾನಿ, ನಿನ್ನೆ ಬಂದ ಸೊಸೆಯ ಮೇಲೆ ನಂಬಿಕೆ. ಕಟ್ಟಳೆ ಮುರಿದವರ ಮಗ್ಗದ ಕುಣಿಗೆ, ನೇಯುವವರು ಕಾಲು ಇಳಿಬಿಟ್ಟು ಕೂರುವ ಗುಂಡಿಗೆ, ಮಣ್ಣು ತುಂಬಿ ಮುಚ್ಚುವುದು ಶಿಕ್ಷೆ.

ಹಿಂದೆ ಒಮ್ಮೆ, ರಾಚೋಟೆಪ್ಪನೆಂಬವನು ನೇಕಾರರ ಯಜಮಾನನಾಗಿದ್ದ ಕಾಲದಲ್ಲಿ, ಬಿದರಹೊಳಿಯ ಹೆಂಗಸರು ಕೆಲವರು ಯಾತ್ರೆಗೆ ಹೊರಟವರು ಈ ಗುಡ್ಡದ ಕೆಳಗಿನ ಹಳ್ಳದಲ್ಲಿ ಮಿಂದು, ಇದೇ ಬಂಡೆಯ ಮೇಲೆ ಸೀರೆ ಒಣಹಾಕಿದ್ದರು. ಸೌದೆಗೆ ಹೋಗಿದ್ದ ಹಾಸಿನಾಳದ ಹೆಂಗಸರು ಅದರಲ್ಲೊಂದು ಸೀರೆಯನ್ನು ಎತ್ತಿ ನೋಡಿದರು. ಸೆರಗೂ ಒಡಲೂ ಕೂಡುವ ಸಂದಿಯಲ್ಲಿ ಹೊಲಿಗೆ ಇರಲಿಲ್ಲ. ಇದು ನಿಮ್ಮೂರಲ್ಲೇ ನೇಯ್ದದ್ದೇ ಎಂದರೆ ಹೌದೆಂದರು. ಹೊಸ ಸೀರೆ ಕೊಟ್ಟು ಅದನ್ನು ಪಡೆದರೆಂದು ಹಿರಿಯರು ಹೇಳುತ್ತಾರೆ. ಸೌದೆಗೆ ಹೋದವರ ಕೈಯಲ್ಲಿ ಹೊಸ ಸೀರೆ ಎಲ್ಲಿಂದ ಬಂತೋ ನಾನು ಕಾಣೆ. ಅಂತೂ ಸಂಜೆಯೊಳಗೆ ಆ ಸೀರೆ ಯಜಮಾನನ ಕಟ್ಟೆಯ ಮೇಲಿತ್ತು. ಅವನು ಅದರ ಸಂದಿಯನ್ನು ಬೆರಳಲ್ಲಿ ಸವರಿ, ಬಹಳ ಹೊತ್ತು ಸುಮ್ಮನಿದ್ದು, ಕೊನೆಗೆ ಒಂದೇ ಮಾತು ಕೇಳಿದನಂತೆ: “ನಮ್ಮೂರಾಗ ಬಿದರಹೊಳಿ ತವರಿದ್ದ ಸೊಸಿ ಯಾರದಾರ?”

ಇದ್ದವಳು ಒಬ್ಬಳೇ, ನಿಂಬೆವ್ವ. ಗಂಡ ತೀರಿಕೊಂಡಿದ್ದ. ಕಣ್ಣು ಕಾಣದ ಅತ್ತೆಯನ್ನು ಒಂದು ಮಗ್ಗದ ಮೇಲೆ ಸಾಕುತ್ತಿದ್ದಳು. ಪ್ರತಿ ಪಂಚಮಿಗೆ ತವರಿಗೆ ಹೋಗಿಬರುತ್ತಿದ್ದಳು, ಇನ್ನೇನು ಬೇಕು? ಮಾರನೆಯ ದಿನದಿಂದ ಅವಳು ಬಾವಿಗೆ ಬಂದರೆ ಮಾತು ನಿಲ್ಲುತ್ತಿತ್ತು. ಅವಳು ಓಣಿಯಲ್ಲಿ ನಡೆದರೆ ಮನೆಮನೆಯಲ್ಲಿ ಮಗ್ಗದ ಮೇಲೆ ಕಂಬಳಿ ಬೀಳುತ್ತಿತ್ತು. ನೆರೆಯವಳು ಒಲೆಗೆ ಕೆಂಡ ಕೊಡುವುದನ್ನು ನಿಲ್ಲಿಸಿದಳು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಹಾಗೆ ಊರಿನ ಸೊಸೆಯಂದಿರೆಲ್ಲ ಆ ವರ್ಷ ತವರಿನ ಹೆಸರೆತ್ತಲು ಹೆದರಿದರು. ಒಬ್ಬಳ ಮೇಲೆ ಮಾತ್ರ ಯಾರ ಕಣ್ಣೂ ಹೋಗಲಿಲ್ಲ. ರಾಚೋಟೆಪ್ಪನ ಒಬ್ಬಳೇ ಮಗಳು ಬನವ್ವನನ್ನು ಕೊಟ್ಟದ್ದೂ ಬಿದರಹೊಳಿಯ ನೇಕಾರರ ಮನೆಗೇ. ನಿಂಬೆವ್ವ ಪಂಚಮಿಗೆ ಆ ಕಡೆ ಹೋಗುವಾಗ ಬನವ್ವ ಈ ಕಡೆ ಬರುತ್ತಿದ್ದಳು. ಇಬ್ಬರೂ ಇದೇ ಬಂಡೆಯ ನೆರಳಲ್ಲಿ ಎದುರಾಗಿ, ಬುತ್ತಿ ಬಿಚ್ಚಿ, ಉಂಡಿ ಹಂಚಿಕೊಂಡು ಮುಂದೆ ಹೋಗುತ್ತಿದ್ದರು. ಆದರೆ ಬನವ್ವ ಮಗಳು. ಮಗಳಿಗೆ ಕೊಂಡಿ ಬರುವುದಿಲ್ಲ.

ದೈವ ಕೂಡಿತು, ಅಂದರೆ ಊರ ಪಂಚಾಯಿತಿ. ನಿಂಬೆವ್ವನ ಕುಣಿ ಮುಚ್ಚಬೇಕೆಂದು ತೀರ್ಮಾನವಾಯಿತು. ಅವಳು ಅಳಲಿಲ್ಲ, ಕಾಲಿಗೂ ಬೀಳಲಿಲ್ಲ. ಆ ಸೀರೆಯನ್ನು ಒಮ್ಮೆ ಬಿಚ್ಚಿ ನೋಡಿರಿ ಎಂದಳು. ಅರಿವೆ ಸಾಕ್ಷಿ ಹೇಳುತ್ತದೆಯೇ ಎಂದು ರಾಚೋಟೆಪ್ಪ ನಕ್ಕ. “ಹೇಳತೈತ್ರಿ ಯಜಮಾನ್ರ,” ಎಂದಳು ನಿಂಬೆವ್ವ. “ಮನಷ್ಯಾರು ಸುಳ್ಳ ಹೇಳಬಹುದು, ಕೈ ಹೇಳಂಗಿಲ್ಲ. ಸೀರಿ ಸಿಕ್ಕ ಬಂಡಿಗಲ್ಲ ಮ್ಯಾಲನ ಬಿಚ್ಚೂಣು. ಊರಾಗ ಕೊಂಡಿ ಬಲ್ಲವರು ಎಲ್ಲಾರೂ ಅಲ್ಲೇ ಹತ್ತತ್ತು ಕೊಂಡಿ ಹಾಕಿ ತೋರಸ್ರಿ. ನಂದು ಹೊಂದಿದ್ರ ನನ್ನ ಕುಣಿ ನಾನ ಮುಚ್ಚತೀನಿ.” ಹಿರಿಯರಿಗೆ ಇದು ಸರಿ ಕಂಡಿತು. ಮರುದಿನ ನಡುಹಗಲಿನ ಬಿಸಿಲಲ್ಲಿ ಊರಿಗೆ ಊರೇ ಗುಡ್ಡ ಹತ್ತಿತು. ನಿಂಬೆವ್ವ ಜಾಲಿಮುಳ್ಳಿನಿಂದ ಸೀರೆಗೆ ಅಡ್ಡಲಾಗಿ ನೇಯ್ದ ಹೊಕ್ಕು ನೂಲನ್ನು ಒಂದೊಂದಾಗಿ ಎಬ್ಬಿಸಿ ತೆಗೆದಳು. ಒಳಗಿನ ಕೊಂಡಿಗಳು ಕಂಡವು. ಬಾಗಿ ನೋಡಿದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹಾಸಿನಾಳದಲ್ಲಿ ಎಲ್ಲರೂ ಕೊಂಡಿಗೆ ಬಲಕ್ಕೆ ತಿರುವು ಕೊಡುತ್ತಾರೆ. ಇವೆಲ್ಲ ಎಡಕ್ಕೆ ತಿರುಗಿದ್ದವು.

ಬಂಡೆಯ ನೆತ್ತಿಗೆ ಗೂಟ ಹೊಡೆದು, ಎಳೆ ಕಟ್ಟಿ, ಒಬ್ಬೊಬ್ಬರಾಗಿ ಕೂತು ಕೊಂಡಿ ಹಾಕಿದರು. ನಿಂಬೆವ್ವನದು ಬಲಕ್ಕೆ. ಅವಳಿಗೆ ಕಲಿಸಿದ ಅತ್ತೆಯನ್ನು ಕೈಹಿಡಿದು ಕರೆತಂದಿದ್ದರು; ಕಣ್ಣಿಲ್ಲದ ಆ ಮುದುಕಿಯದೂ ಬಲಕ್ಕೆ. ಊರಿನ ಗಂಡಸರು, ಸೊಸೆಯಂದಿರು, ಎಲ್ಲರದೂ ಬಲಕ್ಕೆ. ಕೊನೆಗೆ ಉಳಿದವನು ಯಜಮಾನ. ಅವನು ಯಾಕೆ ಎಂದು ಒಬ್ಬಿಬ್ಬರು ಗೊಣಗಿದರು. ನಿಂಬೆವ್ವ ಎಳೆಯ ತುದಿಯನ್ನು ಅವನ ಕಡೆ ಚಾಚಿ ಹಿಡಿದು ನಿಂತಳು. ರಾಚೋಟೆಪ್ಪನ ಬಲಗೈ ಹೆಬ್ಬೆರಳು ಚಿಕ್ಕಂದಿನಲ್ಲೇ ಗಾಣಕ್ಕೆ ಸಿಕ್ಕಿ ಮೊಂಡವಾಗಿತ್ತು. ಅವನು ಎಡಗೈಯಲ್ಲಿ ಕೊಂಡಿ ಹಾಕುವವನು. ಇದು ಊರಿಗೆಲ್ಲ ಗೊತ್ತಿದ್ದದ್ದೇ. ತಿರುವು ಯಾವ ಕಡೆ ಹೋಗುತ್ತದೆಂದು ಮಾತ್ರ ಯಾರೂ ನೋಡಿರಲಿಲ್ಲ. ಯಜಮಾನನ ಸೀರೆಯನ್ನು ಬಿಚ್ಚಿ ನೋಡುವ ಎದೆ ಯಾರಿಗಿತ್ತು? ಅವನು ಕೂತ. ಬಲಕ್ಕೆ ತಿರುವಲು ನೋಡಿದ. ನಲವತ್ತು ವರ್ಷದ ಕೈ ಕೇಳಲಿಲ್ಲ. ಮೂರು ಕೊಂಡಿ ಎಡಕ್ಕೆ ಬಿದ್ದವು. ನಾಲ್ಕನೆಯದನ್ನು ಅವನು ಹಾಕಲಿಲ್ಲ.

ಆಮೇಲೆ ಅವನೇ ಹೇಳಿದನಂತೆ. ಹೆಂಡತಿ ಸತ್ತಾಗ ಬನವ್ವನಿಗೆ ಆರು ವರ್ಷ. ನೀರಿಗೆ ಕಳಿಸಲು ಕೊಡ ಹೊರಲಾರದ ಕೂಸು. ಮಗ್ಗದ ಕುಣಿಯ ಅಂಚಿನಲ್ಲಿ ಕೂತು ಅಪ್ಪನ ಬೆರಳು ನೋಡುತ್ತಿತ್ತು, ಒಂದು ದಿನ ತಾನೇ ಎಳೆ ಹಿಡಿಯಿತು, ಅಪ್ಪನಿಗೆ ಬೇಡವೆನ್ನಲು ಬಾಯಿ ಬರಲಿಲ್ಲ. ತನ್ನ ಹೆಬ್ಬೆರಳು ನೆಟ್ಟಗಿದ್ದರೂ ಮಗಳು ಅಪ್ಪನ ಎಡತಿರುವನ್ನೇ ಕಲಿತಳು, ಕೊಟ್ಟ ಮನೆಗೂ ಅದನ್ನೇ ಒಯ್ದಳು. ತಾಯಿಯಿಲ್ಲದ ಮಗುವಿಗೆ ಅವನು ಕೊಟ್ಟದ್ದು ಅದೊಂದೇ. ಇಷ್ಟು ಕೇಳಿ ನೆರೆದವರ ಕಣ್ಣು ಒದ್ದೆಯಾಯಿತು ಎನ್ನುತ್ತಾರೆ. ನಿಂಬೆವ್ವನದು ಆಗಲಿಲ್ಲ. “ಮಗಳಿಗೆ ಕಲಿಸಿದ್ದು ತಪ್ಪಲ್ರಿ,” ಎಂದಳು. “ಅದನ್ನ ಮುಚ್ಚಿಟ್ಟು ನನ್ನ ಮ್ಯಾಲೆ ಹೊರಿಸಿದ್ರಲ್ಲ, ಅದು ತಪ್ಪು. ಇನ್ನಮ್ಯಾಲೆ ಹೆಣ್ಣಮಕ್ಕಳಿಗೂ ಎದುರಿಗೆ ಕುಂಡ್ರಿಸಿ ಕಲಸ್ರಿ. ಕದ್ದು ಕಲಿಸಿದ್ರ ಇನ್ನೊಬ್ಬಾಕಿ ಕಳ್ಳಿ ಆಕ್ಕಾಳ.” ದೈವ ಒಪ್ಪಿತು. ಆದರೂ ರಾಚೋಟೆಪ್ಪ ಅಂದೇ ಮನೆಗೆ ಹೋಗಿ, ತನ್ನ ಕುಣಿಗೆ ತಾನೇ ಬುಟ್ಟಿಯಲ್ಲಿ ಮಣ್ಣು ಹೊತ್ತು ಹಾಕಿದ.

ನಾನು ನಂಬದ ಮಾತು ಇಲ್ಲಿದೆ. ಕೊಂಡಿ ಹಾಕಿ ನೋಡುವವರೆಗೂ ರಾಚೋಟೆಪ್ಪನಿಗೆ ಏನೂ ತಿಳಿದಿರಲಿಲ್ಲ, ಪಾಪ, ಎನ್ನುತ್ತಾರೆ ಹಿರಿಯರು. ಮೊದಲ ಸಂಜೆ ಕಟ್ಟೆಯ ಮೇಲೆ ಅವನು ಆ ಸಂದಿಯನ್ನು ಬೆರಳಲ್ಲಿ ಸವರಿದ್ದನಲ್ಲ? ನೇಕಾರ ತನ್ನ ಕೈಯ ತಿರುವನ್ನು ಕತ್ತಲಲ್ಲೂ ಗುರುತು ಹಿಡಿಯುತ್ತಾನೆ. ಬಹಳ ಹೊತ್ತು ಸುಮ್ಮನಿದ್ದದ್ದು ಯಾಕೆ? ಬೇಲಿಯೇ ಎದ್ದು ಹೊಲ ಮೇಯ್ದ ಮೇಲೆ ದನದ ಹೆಸರು ಹೇಳಿದಂತೆ, ಅವನು ಮಗಳನ್ನು ಉಳಿಸಲು ನಿಂಬೆವ್ವನ ತವರು ಕೇಳಿದ. ಇದು ನನ್ನ ಗುಮಾನಿ. ಊರಿನಲ್ಲಿ ಹೇಳಿದರೆ ಬೈಯುತ್ತಾರೆ, ಆದರೂ ಬರೆದಿಡುತ್ತಿದ್ದೇನೆ.

ಈಗಲೂ ಪಂಚಮಿಯ ಹಿಂದಿನ ದಿನ ಹೋದರೆ ನೋಡಬಹುದು. ತವರಿಗೆ ಬರುವ ಹೆಣ್ಣುಮಕ್ಕಳು, ತವರಿಗೆ ಹೋಗುವ ಸೊಸೆಯಂದಿರು ಬಂಡೆಯ ಹತ್ತಿರ ಎದುರಾಗಿ ನಿಲ್ಲುತ್ತಾರೆ. ಒಬ್ಬಳು ಕಪ್ಪು ಎಳೆ ಹಿಡಿಯುತ್ತಾಳೆ, ಇನ್ನೊಬ್ಬಳು ಕೆಂಪು ಎಳೆ ಸಿಕ್ಕಿಸಿ ಗೂಟಕ್ಕೆ ಹಾಕುತ್ತಾಳೆ. ಹಾಸಿನಾಳದಲ್ಲಿ ಕಲಿತವರು ಹಾಕಿದ ಕೊಂಡಿ ಬಲಕ್ಕೆ ತಿರುಗಿರುತ್ತದೆ, ಬಿದರಹೊಳಿಯಲ್ಲಿ ಕಲಿತವರದು ಎಡಕ್ಕೆ. ನನಗೆ ಕೊಂಡಿ ಕಲಿಸಿದವಳು ನನ್ನ ತಾಯಿ, ಅವಳು ಬಿದರಹೊಳಿಯ ಬನವ್ವನ ಮನೆತನದವಳು. ನನ್ನ ಎರಡೂ ಹೆಬ್ಬೆರಳು ನೆಟ್ಟಗಿವೆ. ಹೋದ ವರ್ಷ ಆ ಗೂಟದ ಮುಂದೆ ಕೂತು, ಬೇಕೆಂದೇ ಬಲಕ್ಕೆ ತಿರುವಲು ನೋಡಿದೆ. ಎಡಕ್ಕೇ ಹೋಯಿತು.