ಪಂಚೆಯ ಮೇಲೆ ಓಡಿದ ಹುಡುಗಿ

“ಗುರುಗಳೇ, ನಾಳೆ ಕ್ಯಾಮೆರಾ ಹೊತ್ತು ಒಂದು ಊರಿಗೆ ಹೊರಟಿದ್ದೇನೆ. ಅಲ್ಲಿನ ಬೋರ್‌ವೆಲ್ ನೀರಿನಲ್ಲಿ ವಿಷವಿದೆ, ಪರೀಕ್ಷೆ ಮಾಡಿಸಿದ್ದೇನೆ. ಇದ್ದದ್ದನ್ನು ಇದ್ದ ಹಾಗೆ ಲೋಕಕ್ಕೆ ತೋರಿಸಿದರೆ ಸಾಕಲ್ಲವೇ?” ಎಂದು ಶಿಷ್ಯ ಕೇಳಿದ.

“ಸಾಕು ಅಂತ ನಿನಗೆ ಯಾರಪ್ಪ ಹೇಳಿದ್ದು? ಕೂತುಕೋ,” ಎಂದ ಗುರುಗಳು ಕತೆ ಹೇಳಿದರು.

ನಿನ್ನ ಹಾಗೇ ಒಬ್ಬ ಸಾಕ್ಷ್ಯಚಿತ್ರ ಮಾಡುವವನಿದ್ದ. ಕೆಟ್ಟವನಲ್ಲ, ಅದೇ ನನಗೆ ಸಂಕಟ. ಒಂದು ಊರಿನಲ್ಲಿ ಜನರ ಕಾಲುಗಳು ಸೊಟ್ಟಗಾಗುತ್ತಿವೆ ಎಂದು ಕೇಳಿ ಅಲ್ಲಿಗೆ ಹೋದ. ಹೋಗುವ ಮೊದಲೇ ನೀರು ಪರೀಕ್ಷೆ ಮಾಡಿಸಿದ್ದ. ಕೇಡು ನೀರಿನಲ್ಲೇ ಇತ್ತು. ಊರವರಿಗೆ ಮಾತ್ರ ಹೇಳಲಿಲ್ಲ. ಹೇಳಿದರೆ ಅವರು ಕುಡಿಯುವುದನ್ನೇ ಬಿಟ್ಟಾರು, ಆಮೇಲೆ ತೋರಿಸುವುದಕ್ಕೆ ಏನುಳಿಯುತ್ತದೆ? ಚಿತ್ರ ಬಂದ ಮೇಲೆ ಹೇಗೂ ಎಲ್ಲರಿಗೂ ತಿಳಿಯುತ್ತದೆ ಎಂದುಕೊಂಡ. ಒಬ್ಬ ಹೆಂಗಸಿನ ಮಗಳು ಕೊಡ ಹೊತ್ತು ಓಡಿ ಬಂದು ಗಟಗಟ ನೀರು ಕುಡಿಯುವುದನ್ನು ಚಿತ್ರಿಸಿಕೊಂಡ. ಅವರ ಮನೆಯಲ್ಲೇ ರೊಟ್ಟಿ ತಿಂದ.

ರಾಜಧಾನಿಯಲ್ಲಿ ಜನ ಚಿತ್ರ ನೋಡಿ ಅತ್ತರು, ಶಾಲು ಹೊದಿಸಿದರು. ಅಷ್ಟೇ. ಅವನಿಗೆ ಸಿಟ್ಟು ಬಂತು. ಅಧಿಕಾರದಲ್ಲಿದ್ದವರು ಯಾಕೆ ಸುಮ್ಮನಿದ್ದರು ಎಂದು ಎರಡನೆಯ ಚಿತ್ರ ಮಾಡಿದ. ಶುದ್ಧ ನೀರಿನ ಹೆಸರಿನಲ್ಲಿ ಯಾರು ದುಡ್ಡು ಮಾಡಿಕೊಂಡರು ಎಂದು ಮೂರನೆಯದು ಮಾಡಿದ. ಮತ್ತೆ ಶಾಲು. ಅವನ ತಲೆ ನರೆಯಿತು. ಆ ಊರಿಗೆ ಒಳ್ಳೆಯ ನೀರೂ ಬರಲಿಲ್ಲ, ಕುಡಿಯುವ ನೀರು ವಿಷ ಎಂಬ ಸುದ್ದಿಯೂ ಮುಟ್ಟಲಿಲ್ಲ.

ಕೊನೆಗೆ ಅದೇ ಊರಿಗೆ ಹೋಗಿ, ಗೋಡೆಗೆ ಬಿಳಿ ಪಂಚೆ ಕಟ್ಟಿ, ಮೊದಲ ಚಿತ್ರ ತೋರಿಸಿದ. ಅಂದಿನ ಆ ಹುಡುಗಿ ಈಗ ಕೋಲೂರಿಕೊಂಡು ಬಂದು ಕೂತಳು. ಪಂಚೆಯ ಮೇಲೆ ತಾನು ಓಡುವುದನ್ನು ನೋಡಿದಳು. ಅವಳು ನೀರು ಕುಡಿಯುವಾಗ, ಇದು ವಿಷ ಎಂದು ಚಿತ್ರದಲ್ಲಿ ಅವನದೇ ದನಿ ಹೇಳಿತು. ತಾಯಿ ಎದ್ದು ನಿಂತಳು.

“ಅವತ್ತ ನಮ್ಮನ್ಯಾಗ ಉಂಡ್ರಿ. ನೀರು ಮಾತ್ರ ನಿಮ್ಮ ಬಾಟ್ಲಿದ ಕುಡಿದ್ರಿ. ಪ್ಯಾಟಿ ಮಂದಿ, ಅವರ ರೂಢಿ ಇರಬೇಕು ಅಂದ್ಕೊಂಡೆ. ಅಯ್ಯ ಯಪ್ಪಾ, ನಿಮಗ ಆಗಲೇ ಗೊತ್ತಿತ್ತೇನು?”

ಗುರುಗಳು ಅಲ್ಲಿಗೇ ನಿಲ್ಲಿಸಿದರು. ಶಿಷ್ಯ ತಡೆಯಲಾರದೆ, “ಅದಕ್ಕೆ ಅವನೇನು ಹೇಳಿದ?” ಎಂದು ಕೇಳಿದ.

“ಅವನ ಮಾತು ಹಾಳಾಗಲಿ, ನೀನು ನಾಳೆ ಹೋಗುವ ಊರಿಗೆ ಒಂದು ಫೋನ್ ಮಾಡಿದೆಯಾ?”