ದರ್ಜಿ ಹೊಗಳಿದ ಹುಡುಗಿ

"ಬುದ್ಧಿ, ಒಂದೇ ಮಾತಿಗೆ ನಾಲ್ಕಾರು ಅರ್ಥ ಇದ್ದರೆ ಅದರಲ್ಲಿ ನಿಜವಾದದ್ದು ಯಾವುದು?"

ಹೀಗೆ ಕೇಳಿದವನು ಪಂಚಾಕ್ಷರಿ. ಮಠದಲ್ಲಿ ಓದುತ್ತಿದ್ದ ಶಿಷ್ಯರಲ್ಲಿ ಚುರುಕಿನವನು. ಆಗ ಅವನಿಗೆ ಇಂಗ್ಲಿಷಿನ ಹುಚ್ಚು ಹಿಡಿದಿತ್ತು.

"ಯಾವ ಮಾತಪ್ಪ?" ಎಂದರು ಗುರುಗಳು.

"ಫ್ರೀ ಅನ್ನೋದು, ಬುದ್ಧಿ. ದುಡ್ಡಿಲ್ಲದೆ ಕೊಟ್ಟರೂ ಫ್ರೀ. ಕೆಲಸವಿಲ್ಲದೆ ಕೂತರೂ ಫ್ರೀ. ಜೈಲಿನಿಂದ ಬಿಟ್ಟರೂ ಫ್ರೀ. ಅಂಗಿ ಸಡಿಲವಾಗಿದ್ದರೂ ಫ್ರೀ. ಇಷ್ಟೂ ಸರಿ ಅಂದರೆ ಆ ಮಾತನ್ನು ನಂಬೋದು ಹೇಗೆ?"

ಗುರುಗಳು ಅವನನ್ನು ಕೂರಿಸಿಕೊಂಡು ಒಂದು ಕತೆ ಹೇಳಿದರು.

ಒಂದು ಪೇಟೆಯಲ್ಲಿ ಒಬ್ಬ ದರ್ಜಿ ಇದ್ದ. ಹೆಂಗಸರ ರವಿಕೆ ಹೊಲಿಯುವುದರಲ್ಲಿ ಅವನ ಕೈ ಒಳ್ಳೆಯದು. ಓದು ಬರಹ ಅಷ್ಟಕ್ಕಷ್ಟೆ. ಅವನಿಗೆ ಗೊತ್ತಿದ್ದ ಇಂಗ್ಲಿಷೆಲ್ಲ ಅಂಗಡಿಗೆ ಬಂದವರ ಬಾಯಿಂದ ಕೇಳಿ ಕಲಿತದ್ದು. ಅದರಲ್ಲಿ ಅವನಿಗೆ ಬಹಳ ಹಿಡಿಸಿದ್ದು ಫ್ರೀ ಎನ್ನುವ ಮಾತು. ತೋಳು ಬಿಗಿಯಾದರೆ ಕೈ ಎತ್ತಲಾಗದು. ಕಂಕುಳಲ್ಲಿ ಹಿಡಿದರೆ ಕೊಡ ಹೊರಲಾಗದು. ಹೊಸ ರವಿಕೆ ತೊಟ್ಟವಳು ಕೈ ಮೇಲೆ ಕೆಳಗೆ ಆಡಿಸಿ, "ಫ್ರೀಯಾಗಿದೆ ಕಣಣ್ಣ" ಅಂದರೆ ಅವತ್ತು ಅವನ ಊಟ ಒಂದು ತುತ್ತು ಹೆಚ್ಚು. ಅವನ ಪಾಲಿಗೆ ಅದಕ್ಕಿಂತ ದೊಡ್ಡ ಹೊಗಳಿಕೆ ಇರಲಿಲ್ಲ.

ಅವನ ಪಕ್ಕದ ಮನೆಯಲ್ಲಿ ಒಬ್ಬಳು ಹುಡುಗಿ. ಯಾರು ಎದುರಾದರೂ ಮುಖ ಎತ್ತಿ ಮಾತಾಡುವಳು. ಹಾಲಿನವನೇ ಆಗಲಿ, ಸಾಹುಕಾರನೇ ಆಗಲಿ, ಎಲ್ಲರಿಗೂ ಒಂದೇ ದನಿ. ದರ್ಜಿಗೆ ಕಣ್ಣು ಮಂದವಾಗುತ್ತಾ ಬಂದಿತ್ತು. ಅವಳು ಹೋಗುವಾಗ ಬರುವಾಗ ಅಂಗಡಿಯೊಳಗೆ ಇಣುಕಿ, "ಮಾವ, ಸೂಜಿ ಕೊಡಿ ಇಲ್ಲಿ. ನೀವು ಪೋಣಿಸೋ ಹೊತ್ತಿಗೆ ಸಂಜೆ ಆಗುತ್ತೆ" ಎಂದು ದಾರ ಪೋಣಿಸಿ ಕೊಟ್ಟು ಹೋಗುವಳು.

ಆ ಹುಡುಗಿಗೆ ಒಂದು ಸಂಬಂಧ ಬಂತು. ಹುಡುಗನ ತಂದೆ ಪಕ್ಕದ ಊರಿನಲ್ಲಿ ಕಿರಾಣಿ ಅಂಗಡಿ ಇಟ್ಟಿದ್ದ ವ್ಯಾಪಾರಿ. ಹುಡುಗ ಬಂದು ನೋಡಿದ, ಮಾತಾಡಿದ, ಒಪ್ಪಿದ. ಹುಡುಗಿಯೂ ಒಪ್ಪಿದಳು. ಒಪ್ಪಿದ್ದೇನು, ಅವಳಿಗೆ ಅವನ ಮೇಲೆ ಮನಸ್ಸೇ ಆಗಿಬಿಟ್ಟಿತು. ನಿಶ್ಚಿತಾರ್ಥಕ್ಕೆ ಬೇಕು ಅಂತ ಹಸಿರು ರವಿಕೆ ಕಣ ತಂದು ದರ್ಜಿಯ ಕೈಗೆ ಕೊಟ್ಟಳು.

ದಿನ ಗೊತ್ತು ಮಾಡುವ ಮೊದಲು ಅಕ್ಕಪಕ್ಕದಲ್ಲಿ ಒಂದು ಮಾತು ವಿಚಾರಿಸುವುದು ವಾಡಿಕೆಯಲ್ಲವೇ. ವ್ಯಾಪಾರಿ ದರ್ಜಿಯ ಅಂಗಡಿಗೆ ಬಂದು ಕೂತ. ದರ್ಜಿ ಕಾಫಿ ತರಿಸಿದ.

"ಪಕ್ಕದ ಮನೆ ಹುಡುಗಿ ಹೇಗಪ್ಪ?"

ದರ್ಜಿಗೆ ಹಿಗ್ಗು. ತನ್ನಲ್ಲಿದ್ದ ಮಾತುಗಳಲ್ಲೆಲ್ಲ ಒಳ್ಳೆಯದನ್ನೇ ಆರಿಸಿದ.

"ಬಲು ಫ್ರೀ, ಯಜಮಾನರೇ. ಅಂಥ ಫ್ರೀ ಹುಡುಗಿ ನಮ್ಮ ಬೀದಿಯಲ್ಲೇ ಇಲ್ಲ."

"ಎಲ್ಲರ ಹತ್ತಿರವೂ?"

"ಎಲ್ಲರ ಹತ್ತಿರವೂ. ಭೇದವೇ ಇಲ್ಲ."

ವ್ಯಾಪಾರಿ ಕಾಫಿಯನ್ನು ಅರ್ಧಕ್ಕೆ ಬಿಟ್ಟು ಎದ್ದ. ಅವನ ಅಂಗಡಿಯಲ್ಲಿ ಫ್ರೀ ಅಂದರೆ ಸೋಪಿನ ಜೊತೆ ಬರುವ ಪ್ಲಾಸ್ಟಿಕ್ ಡಬ್ಬಿ. ಬೆಲೆ ಇಲ್ಲದ್ದು, ಯಾರ ಕೈಗೆ ಬೇಕಾದರೂ ಹೋಗುವಂಥದ್ದು. ಮನೆಗೆ ಹೋದವನೇ, ಆ ಸಂಬಂಧ ಬೇಡ ಎಂದ. ಮಗ ಅಪ್ಪನ ಮುಖ ನೋಡಿದ. ಏನೂ ಅನ್ನಲಿಲ್ಲ.

ಸುದ್ದಿ ಮಧ್ಯಸ್ಥರ ಬಾಯಿಂದ ಹುಡುಗಿಯ ಮನೆಗೆ ಬಂತು. ಹುಡುಗಿ ಸ್ವಲ್ಪ ಫ್ರೀಯಂತೆ, ದರ್ಜಿಯೇ ಹೇಳಿದನಂತೆ ಅಂತ. ಹುಡುಗಿಯ ತಾಯಿ ನೆಟ್ಟಗೆ ಅಂಗಡಿಗೆ ಬಂದು ಹಸಿರು ಕಣ ವಾಪಸು ಕೇಳಿದಳು.

"ಅವಳ ಕೈಲಿ ದಾರ ಪೋಣಿಸಿಕೊಂಡು ಅವಳ ಬಾಳಿಗೇ ಕತ್ತರಿ ಹಾಕಿದೆಯಲ್ಲ."

"ನಾನು ಹೊಗಳಿದೆನಲ್ಲ ಅಕ್ಕ."

"ಹೀಗೆ ಹೊಗಳೋದಾದರೆ ಇನ್ನು ಮೇಲೆ ಬೈದುಬಿಡು. ಬದುಕಿಕೊಳ್ತೀವಿ."

ದರ್ಜಿಗೆ ತಾನೆಲ್ಲಿ ಎಡವಿದೆ ಎಂಬುದು ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ತಿಳಿದ ಮೇಲೆ ಅವನು ಕೂರಲಿಲ್ಲ. ಅಂಗಡಿಗೆ ಬೀಗ ಹಾಕಿ ಪಕ್ಕದ ಊರಿನ ಬಸ್ಸು ಹತ್ತಿದ.

"ಯಜಮಾನರೇ, ನಾನು ಅಂದ ಫ್ರೀ ಬೇರೆ, ನೀವು ಕೇಳಿಸಿಕೊಂಡ ಫ್ರೀ ಬೇರೆ. ರವಿಕೆ ಫ್ರೀಯಾಗಿದೆ ಅಂದರೆ ಹರಿದಿದೆ ಅಂತಲ್ಲ. ಅಳತೆಗೆ ಸರಿಯಾಗಿದೆ, ತೊಟ್ಟವರಿಗೆ ಹಿಂಸೆಯಿಲ್ಲ ಅಂತ. ಆ ಹುಡುಗಿ ಪಕ್ಕದಲ್ಲಿದ್ದರೆ ಯಾರಿಗೂ ಹಿಂಸೆಯಿಲ್ಲ. ಅಷ್ಟೇ ನಾನು ಹೇಳಿದ್ದು."

ವ್ಯಾಪಾರಿ ಕೆಟ್ಟವನಲ್ಲ. ಕೇಳಿದ, ಯೋಚಿಸಿದ, ಆಮೇಲೆ ನಕ್ಕ.

"ಇದನ್ನು ಅವತ್ತೇ ಬಿಡಿಸಿ ಹೇಳಬಾರದಿತ್ತೇನಯ್ಯ?"

"ನೀವು ಕಾಫಿ ಮುಗಿಸೋವರೆಗಾದರೂ ಕೂತಿದ್ದರೆ ಹೇಳ್ತಿದ್ದೆ."

"ಆಗಲಿ, ಆಗಿದ್ದು ಆಯಿತು. ಸೋಮವಾರ ನಾವೇ ಬಂದು ದಿನ ಗೊತ್ತು ಮಾಡ್ತೀವಿ. ಅವರು ಫ್ರೀ ಇರ್ತಾರಾ ಕೇಳಿ ಬಾ."

ದರ್ಜಿ ಹಾರಿಕೊಂಡು ಬಂದ. ಹುಡುಗಿಯ ಮನೆಯ ಜಗಲಿಯಲ್ಲೇ ನಿಂತು ಎಲ್ಲವನ್ನೂ ಹೇಳಿದ. ತಾಯಿಯ ಮುಖ ಅರಳಿತು. ತಂದೆ ಆಗಲೇ ಯಾರು ಯಾರನ್ನು ಕರೆಯಬೇಕು ಎಂದು ಯೋಚಿಸತೊಡಗಿದ. ಹುಡುಗಿ ಮಾತ್ರ ದರ್ಜಿಯ ಕಡೆ ತಿರುಗಿದಳು.

"ಮಾವ, ನಾನು ಫ್ರೀ ಇಲ್ಲ ಅಂತ ಹೇಳಿಬಿಡಿ."

"ಸೋಮವಾರ ಆಗದಿದ್ದರೆ ಗುರುವಾರ ಅನ್ನಲೇನಮ್ಮ?"

"ಯಾವ ವಾರವೂ ಬೇಡ. ನಿಮ್ಮದೇನೂ ತಪ್ಪಿಲ್ಲ, ನೀವು ಹೇಳಿದ್ದು ಒಳ್ಳೆಯ ಮಾತೇ. ಆದರೆ ಅವನು ನನ್ನ ಎದುರಿಗೇ ಕೂತು ಮಾತಾಡಿಕೊಂಡು ಹೋಗಿದ್ದ. ಅವನ ಅಪ್ಪ ಬಂದು ಹಾಗಂದಾಗ, ನಾನು ನೋಡಿದ ಹುಡುಗಿ ಅಂಥವಳಲ್ಲ ಅಂತ ಅನ್ನೋದಕ್ಕೆ ಅವನಿಗೆ ಬಾಯಿ ಬರಲಿಲ್ಲ."

ಹೇಳುವಾಗ ಅವಳ ಕಣ್ಣು ತುಂಬಿತು, ದನಿ ನಡುಗಲಿಲ್ಲ. ತಾಯಿ ಏನೋ ಅನ್ನಲು ಹೋದಳು. ತಂದೆ ಬೇಡವೆಂದು ಕೈ ಮಾಡಿದ.

ದರ್ಜಿ ಮತ್ತೆ ಬಸ್ಸು ಹತ್ತಿ ಹೋಗಿ ಹೇಳಿದ, "ಹುಡುಗಿ ಫ್ರೀ ಇಲ್ಲವಂತೆ, ಯಜಮಾನರೇ." ಈ ಸಲ ವ್ಯಾಪಾರಿ ಅರ್ಥ ಕೇಳಲಿಲ್ಲ. ಒಳಗೆ ಸಕ್ಕರೆ ಕಟ್ಟುತ್ತಿದ್ದ ಮಗನ ಕೈ ಮಾತ್ರ ನಿಂತಿತು.

ಇಷ್ಟು ಹೇಳಿ ಗುರುಗಳು ಮಾತು ನಿಲ್ಲಿಸಿದರು.

ಪಂಚಾಕ್ಷರಿ ಬೆರಳು ಮಡಚಿ ಎಣಿಸಿದ. "ದರ್ಜಿಗೆ ಅದು ಹಿತ. ವ್ಯಾಪಾರಿಗೆ ಬಿಟ್ಟಿ. ಹುಡುಗಿಗೆ ಬಿಡುವು. ಅಂದರೆ ಅರ್ಥ ಮಾತಿನಲ್ಲಿಲ್ಲ, ಆಡುವವರಲ್ಲಿ, ಕೇಳುವವರಲ್ಲಿ ಇದೆ. ಅಲ್ಲವೇ ಬುದ್ಧಿ?"

ತನ್ನ ಉತ್ತರ ಅವನಿಗೇ ಚೆನ್ನಾಗಿ ಕಂಡಿತ್ತು. ಗುರುಗಳು ಏನನ್ನುತ್ತಾರೋ ಎಂದು ಮುಖ ನೋಡಿದ.

"ಅರ್ಥವನ್ನೆಲ್ಲ ಎಣಿಸಿದೆ ಮಗು, ಆ ಹುಡುಗಿ ಆಮೇಲೆ ಏನಾದಳು ಅಂತ ನೀನೂ ಕೇಳಲಿಲ್ಲವಲ್ಲ."