ಮುದ್ದುಮಾದಯ್ಯನ ನೆಗೆತ

ಗೋವಿಂದಸ್ವಾಮಿ ಮೇಷ್ಟ್ರ ಆಶ್ರಮಕ್ಕೆ ಗೋಡೆಯೂ ಇರಲಿಲ್ಲ, ಬಾಗಿಲೂ ಇರಲಿಲ್ಲ. ಅವರು ಕ್ಯಾಮೆರಾ ಇಳಿಸಿದ ಜಾಗವೇ ಆಶ್ರಮ. ಆ ಬೆಳಿಗ್ಗೆ ಅದು ಕಪಿಲಾ ಹೊಳೆಯ ದಂಡೆಯಲ್ಲಿ, ಮರಳಿನ ಮೇಲಿತ್ತು.

ಇದ್ದವಳು ಒಬ್ಬಳೇ ಶಿಷ್ಯೆ, ಚಂಪಾ.

ಅವಳು ಕಲಿಯುತ್ತಿದ್ದದ್ದು ಸ್ಟೆಡಿಕ್ಯಾಮ್ ಹೊರುವುದನ್ನು. ಎದೆಗೆ ಬಿಗಿದುಕೊಳ್ಳುವ ಕವಚ, ಕವಚದಿಂದ ಹೊರಟ ಸ್ಪ್ರಿಂಗಿನ ತೋಳು, ತೋಳಿನ ತುದಿಯಲ್ಲಿ ಕ್ಯಾಮೆರಾ. ಹೊತ್ತವರು ಓಡಿದರೂ ತಿರುಗಿದರೂ ಚಿತ್ರ ಕುಲುಕುವುದಿಲ್ಲ. ಭಾರ ಎಷ್ಟೆಂಬುದು ಸೊಂಟಕ್ಕೆ ಗೊತ್ತು. ನೋಡುವವರಿಗೆ ಮಾತ್ರ ಗಾಳಿಗೇ ಕಣ್ಣು ಬಂದಂತೆ ಕಾಣುತ್ತದೆ. ಮನುಷ್ಯ ಮಾಡಿದ ಯಂತ್ರಗಳಲ್ಲಿ ಇಷ್ಟು ಮರ್ಯಾದಸ್ಥ ಯಂತ್ರ ಕಡಿಮೆ.

ಸೇರಿದ ದಿನವೇ ಮೇಷ್ಟ್ರು ಒಂದು ಮಾತು ಹೇಳಿದ್ದರು.

"ಕುಣಿಯುವವರ ಕೈ ಬಿಡಬೇಡ."

ಚಂಪಾ ಆ ಮಾತನ್ನು ಪ್ರಸಾದದ ಹಾಗೆ ಕಣ್ಣಿಗೊತ್ತಿಕೊಂಡಿದ್ದಳು. ಭರತನಾಟ್ಯದವರು, ಡೊಳ್ಳಿನವರು, ಮದುವೆ ಮನೆಯಲ್ಲಿ ಹುರುಪೆದ್ದು ಕುಣಿಯುವ ಸೋದರಮಾವಂದಿರು, ಎಲ್ಲರ ಹಿಂದೆಯೂ ಕ್ಯಾಮೆರಾ ಹೊತ್ತು ಸುತ್ತಿದ್ದಳು. ಯಾರೂ ಅವಳ ಫ್ರೇಮಿನಿಂದ ತಪ್ಪಿಸಿಕೊಂಡಿರಲಿಲ್ಲ. ಅದರ ಬಗ್ಗೆ ಅವಳಿಗೆ ಸ್ವಲ್ಪ ಜಂಬವೂ ಇತ್ತು.

ಆ ದಿನ ಕುಣಿಯಬೇಕಾದವರು ಮುದ್ದುಮಾದಯ್ಯ. ಬೀಸು ಕಂಸಾಳೆಯವರು, ಮಾದಪ್ಪ ದೇವರ ಒಕ್ಕಲು. ಎಡಗೈಯಲ್ಲಿ ಕಂಚಿನ ಬಟ್ಟಲು, ಬಲಗೈಯಲ್ಲಿ ಕೆಂಪು ಕುಚ್ಚಿನ ಹುರಿಗೆ ಕಟ್ಟಿದ ಕಂಚಿನ ತಾಳ. ತಾಳವನ್ನು ಬೀಸಿ ಒಗೆಯುವುದು, ಅದು ಮೈ ಸುತ್ತಿ ಬಂದಾಗ ಬಟ್ಟಲಿಗೆ ಹೊಡೆದು ನುಡಿಸುವುದು.

ಅವರು ಒಂದು ನೆಗೆತಕ್ಕೆ ಹೆಸರಾಗಿದ್ದರು. ಕಾಲೆರಡನ್ನೂ ಮಡಚಿ ಮೇಲೇಳುತ್ತಿದ್ದರು. ತಾಳ ಪಾದಗಳ ಕೆಳಗೆ ಹಾದು, ಅವರು ನೆಲ ಮುಟ್ಟುವ ಮೊದಲೇ ಬಟ್ಟಲಿಗೆ ಬಡಿಯುತ್ತಿತ್ತು.

"ಈ ನೆಗೆತ ನಂದಲ್ಲ ಸಾಮಿ," ಎಂದರು ಮಾದಯ್ಯ, ಮಂಡಿಗೆ ಬಟ್ಟೆ ಸುತ್ತಿಕೊಳ್ಳುತ್ತ. "ನಮ್ ಗುರುಗಳ್ದು. ನಮ್ ಐಕ್ಳಿಗೆ ಬೀಸೋದು ಬತ್ತದ, ಇದು ಬರ್ನಿಲ್ಲ. ನನ್ ಮಂಡಿ ಓಯ್ತು ಅಂದ್ರ ಇದೂ ಓಯ್ತು."

"ಡಾಕ್ಟರು ಏನಂದರು?" ಮೇಷ್ಟ್ರು ಕೇಳಿದರು.

"ಮೆಟ್ಲೂ ಅತ್ಬ್ಯಾಡ ಅಂದವ್ರ. ಒಂದ್ ಸಲ ನೆಗೀತೀನಿ. ಇಡ್ಕೊಂಡ್ಬುಡಿ. ಐಕ್ಳು ನೋಡ್ಕಂಡು ಕಲೀಲಿ."

ಚಂಪಾ ಕವಚ ಬಿಗಿದುಕೊಂಡಳು.

ಮಾದಯ್ಯ ಮರಳು ಮುಟ್ಟಿ ನಮಸ್ಕರಿಸಿ ಶುರು ಮಾಡಿದರು. ತಾಳ ತಲೆಯ ಸುತ್ತ ಹಾರಿತು, ಬೆನ್ನ ಹಿಂದೆ ಹೋಗಿ ಬಂತು, ತೊಡೆಯ ಕೆಳಗಿನಿಂದ ನುಸುಳಿತು. ಚಂಪಾ ಅವರ ಸುತ್ತ ಸುತ್ತಿದಳು. ಅವರು ಬಲಕ್ಕೆ ವಾಲಿದರೆ ಅವಳೂ ವಾಲಿದಳು. ಇಬ್ಬರೂ ಒಂದೇ ಮೇಳದವರು ಎನ್ನಬೇಕು, ಹಾಗಿತ್ತು.

ನೆಗೆತ ಬಂತು. ಮಾದಯ್ಯ ಎಷ್ಟು ಏರಿದರೋ ಚಂಪಾಳ ಕ್ಯಾಮೆರಾ ಅಷ್ಟೇ ಏರಿತು. ಅವರು ಇಳಿದಾಗ ಇಳಿಯಿತು. ಅವರ ಮುಖ ಫ್ರೇಮಿನ ನಡುವಿನಿಂದ ಕೂದಲೆಳೆಯಷ್ಟೂ ಕದಲಲಿಲ್ಲ.

ಅವಳು ಮೇಷ್ಟ್ರ ಕಡೆ ನೋಡಿದಳು. ಭೇಷ್ ಎನ್ನುತ್ತಾರೆ ಎಂದುಕೊಂಡಿದ್ದಳು.

ಮೇಷ್ಟ್ರು ಚಿತ್ರ ತೋರಿಸುವ ಮಾನಿಟರನ್ನು ಮಾದಯ್ಯನ ಕಡೆಗೆ ತಿರುಗಿಸಿದರು.

ಬೀಸಿದ್ದೆಲ್ಲ ಸೊಗಸಾಗಿ ಬಂದಿತ್ತು. ನೆಗೆತದ ಹೊತ್ತಿಗೆ ಮಾತ್ರ ಮಾದಯ್ಯ ಇದ್ದಲ್ಲೇ ಇದ್ದರು. ಕಾಲು ಮಡಚಿತು, ತಾಳ ಹಾದುಹೋಯಿತು, ಕಾಲು ಬಿಚ್ಚಿತು. ಮೇಲೆ ಹೋದದ್ದೇ ಕಾಣಲಿಲ್ಲ.

ಮಾದಯ್ಯ ಇನ್ನೊಂದು ಸಲ ಹಾಕಿಸಿ ನೋಡಿದರು.

"ಇಷ್ಟೇಯಾ?" ಎಂದರು.

ಮಾನಿಟರಿನಿಂದ ಕಣ್ಣು ತೆಗೆದರು.

"ವಯಸ್ಸಾಯ್ತು ಬುಡಿ. ನೆಗ್ದೆ ಅಂತ ನಾನೇ ಅನ್ಕಂಡಿ." ಅವರು ಆಚೆ ಹೋಗಿ ಕೂತು, ತಾಳದ ಹುರಿಯನ್ನು ಬಟ್ಟಲಿಗೆ ಸುತ್ತತೊಡಗಿದರು.

ಚಂಪಾ ಮೇಷ್ಟ್ರ ಬಳಿ ಬಂದು ಮೆಲ್ಲಗೆ ಹೇಳಿದಳು. "ಪಾಪ, ತಾತನ ಕೈಲಾಗಲಿಲ್ಲ ಸಾರ್."

ಗೋವಿಂದಸ್ವಾಮಿ ಮೇಷ್ಟ್ರಿಗೆ ಬೈಯಲು ಬರುತ್ತಿರಲಿಲ್ಲ. ಶಿಷ್ಯೆಗೆ ಅದೇ ದೊಡ್ಡ ಕಷ್ಟ. ಬೈದರೆ ತಪ್ಪು ಯಾವುದೆಂದಾದರೂ ತಿಳಿಯುತ್ತದೆ.

ಬೆಳಿಗ್ಗೆ ಕ್ಯಾಮೆರಾ ಪೂಜೆಗೆ ಇಟ್ಟಿದ್ದ ನಿಂಬೆಹಣ್ಣನ್ನು ಎತ್ತಿಕೊಂಡು ಮೇಲಕ್ಕೆ ತೂರಿ ಹಿಡಿದರು.

"ಎಷ್ಟು ಎತ್ತರ ಹೋಯಿತು?"

"ಆ ಹೊಂಗೆ ಕೊಂಬೆಯವರೆಗೂ ಹೋಯ್ತು ಸಾರ್."

"ನಾನು ಕೇಳಿದ್ದು ನಿಂಬೆಹಣ್ಣಿನ ವಿಷಯ. ಕೊಂಬೆ ಯಾಕೆ ಬಂತು ಮಧ್ಯೆ?"

"ಕೊಂಬೆ ಅಲ್ಲೇ ಇತ್ತಲ್ಲ. ಅದಕ್ಕೇ ಗೊತ್ತಾಯ್ತು."

"ಸರಿ. ಈಗ ಹೋಗಿ ಚಿತ್ರ ಮತ್ತೆ ನೋಡು. ತಾತನನ್ನು ನೋಡಬೇಡ, ಅವರ ಹಿಂದಿನ ಹೊಳೆ ನೋಡು."

ಚಂಪಾ ನೋಡಿದಳು. ಮಾದಯ್ಯನ ಕಾಲು ಮಡಚಿದ್ದೇ ತಡ, ಹಿಂದಿದ್ದ ಹೊಳೆ ಸರ್‍ರನೆ ಕೆಳಗಿಳಿಯಿತು. ಆಚೆ ದಡ ಫ್ರೇಮಿನ ತಳಕ್ಕೆ ಹೋಗಿ ಮತ್ತೆ ಮೇಲೆ ಬಂತು.

"ಹೊಳೆ ಕುಸಿದಿದೆ ಸಾರ್."

"ಹೊಳೆಗೆ ಏನಾಗಿತ್ತು ಕುಸಿಯೋಕೆ?"

ಚಂಪಾಳ ಮುಖ ಬಿಸಿಯಾಯಿತು. ಅವಳು ಕವಚ ಕಳಚಿಟ್ಟು ನೆಟ್ಟಗೆ ಮಾದಯ್ಯನ ಬಳಿ ಹೋಗಿ ಮರಳಲ್ಲಿ ಕೂತಳು.

"ತಾತ, ನೀವು ನೆಗೆದಿರಿ. ತುಂಬಾ ಎತ್ತರಕ್ಕೇ ನೆಗೆದಿರಿ. ನಿಮ್ಮ ಜೊತೆ ನಾನೂ ಕ್ಯಾಮೆರಾನ ಮೇಲೆ ತಂದೆ. ಅದಕ್ಕೇ ಕಾಣಲಿಲ್ಲ. ನಿಮ್ಮ ನೆಗೆತಾನ ನಾನು ತಿಂದುಬಿಟ್ಟೆ."

ಮಾದಯ್ಯ ಹುರಿ ಸುತ್ತುವುದನ್ನು ನಿಲ್ಲಿಸಿದರು.

"ದಿಟವಾ?"

"ನಿಮ್ಮಾಣೆಗೂ."

"ಅಷ್ಟ್ ಭಾರ ಒತ್ಕಂಡು ನನ್ ಸಮಕ್ಕೂ ಬಂದಾ?"

"ಬಂದೆ ತಾತ."

"ಭಲೇ ಕೂಸೇ! ನಮ್ ಐಕ್ಳ ಕೈಲೇ ಆಗ್ನಿಲ್ಲ ಕನ!" ಮುದುಕ ಹೊಟ್ಟೆ ಹಿಡಿದುಕೊಂಡು ನಕ್ಕರು. ನಗುತ್ತಲೇ ಹುರಿ ಬಿಚ್ಚತೊಡಗಿದರು.

"ಬೇಡ ತಾತ. ಮಂಡಿ ಹೋಗುತ್ತೆ. ತಪ್ಪು ನಂದು, ಅದಕ್ಕೆ ನಿಮ್ಮ ಮಂಡಿ ಯಾಕೆ ಹೋಗಬೇಕು?"

"ನಾ ನೆಗೀಲಿಲ್ಲ ಅಂತ ತೋರ್ಸೋ ಚಿತ್ರ ಬುಟ್ಟೋಗದ? ಅದು ಮಂಡಿಗಿಂತ ನೋಯ್ತದ ಕನವ್ವ. ಏಳು ಮ್ಯಾಕ್ಕ."

ಚಂಪಾ ಮೇಷ್ಟ್ರ ಮುಂದೆ ಬಂದು ನಿಂತಳು. ಕಣ್ಣಲ್ಲಿ ನೀರಿತ್ತು.

"ಈ ಸಲ ನೀವೇ ಹೊರಿ ಸಾರ್. ಇನ್ನೊಂದು ಸಲ ಕೇಳೋ ಹಾಗಿಲ್ಲ."

"ನನ್ನ ಕೈಲಾಗಲ್ಲ."

"ನಿಮ್ಮ ಕೈಲಾಗದ್ದು ನನ್ನ ಕೈಲಾಗುತ್ತಾ?"

"ಅವರ ಜೊತೆ ನೆಗೆದವಳು ನೀನು. ಎಲ್ಲಿಂದ ಏಳ್ತಾರೆ, ಎಲ್ಲಿ ಇಳೀತಾರೆ, ನಿನ್ನ ಮೊಣಕಾಲಿಗೆ ಗೊತ್ತು. ನನಗೇನು ಗೊತ್ತು?"

ಚಂಪಾ ಕವಚವನ್ನು ಮತ್ತೆ ಎದೆಗೆ ಬಿಗಿದುಕೊಂಡಳು.

"ಏನು ಮಾಡಲಿ ಹಾಗಾದರೆ?"

"ಅವರ ಜೊತೆ ಕುಗ್ಗು. ಜೊತೆಗೆ ಏಳಬೇಡ."

"ಫ್ರೇಮಿನಿಂದ ಆಚೆ ಹೋದರೆ?"

"ಹೋಗಲಿ."

"ಮತ್ತೆ ಒಳಗೆ ಸಿಗದೇ ಹೋದರೆ?"

ಮೇಷ್ಟ್ರು ನಿಂಬೆಹಣ್ಣನ್ನು ಜೇಬಿಗೆ ಹಾಕಿಕೊಂಡು ಮಾನಿಟರಿನ ಕಡೆಗೆ ನಡೆದರು.

ಮಾದಯ್ಯ ಮತ್ತೆ ಮರಳು ಮುಟ್ಟಿದರು. ಈ ಸಲ ಚಂಪಾಳೂ ಮುಟ್ಟಬೇಕೆಂದುಕೊಂಡಳು. ಕವಚ ಬಗ್ಗಲು ಬಿಡಲಿಲ್ಲ. ಚಪ್ಪಲಿ ಕಳಚಿ ಬರಿಗಾಲಲ್ಲಿ ನಿಂತಳು.

ತಾಳ ಎದ್ದಿತು. ಬೀಸು, ತಿರುಗು, ಹೊಡೆತ. ಮೊದಲಿನ ಹಾಗೆಯೇ ಅವಳು ಅವರನ್ನು ಸುತ್ತಿದಳು. ಬಿಸಿಲಲ್ಲಿ ಕಂಚು ಮಿನುಗಿದಾಗೆಲ್ಲ ಕ್ಯಾಮೆರಾ ಅದರ ಹಿಂದೆಯೇ ಹೋಗುತ್ತಿತ್ತು, ಎಲ್ಲೂ ಮುಗ್ಗರಿಸದೆ, ಎಲ್ಲೂ ಅವಸರಪಡದೆ. ಮಾದಯ್ಯ ಮಂಡಿ ಬಗ್ಗಿಸಿದರು. ಚಂಪಾ ಅವರ ಜೊತೆ ಕುಗ್ಗಿದಳು.

ಮಾದಯ್ಯ ಎದ್ದರು.

ಚಂಪಾ ಏಳಲಿಲ್ಲ. ಅವಳ ಮೈಯೆಲ್ಲ ಏಳು ಏಳು ಎನ್ನುತ್ತಿತ್ತು. ಹಲ್ಲು ಕಚ್ಚಿ ಪಾದವನ್ನು ಮರಳಿಗೆ ಒತ್ತಿ ನಿಂತಳು.

ಫ್ರೇಮಿನಿಂದ ಮೊದಲು ಮುಖ ಹೋಯಿತು, ಆಮೇಲೆ ಎದೆ, ಆಮೇಲೆ ಮಡಚಿದ ಕಾಲು. ಪಾದಗಳ ಕೆಳಗೆ ತಾಳ ಕೆಂಪು ಕುಚ್ಚಿನ ಸಮೇತ ಹಾದುಹೋಯಿತು. ಆಮೇಲೆ ಫ್ರೇಮಿನಲ್ಲಿ ಹೊಳೆಯೊಂದೇ ಉಳಿಯಿತು. ಅದು ಕುಸಿಯಲಿಲ್ಲ.

ಮೇಲೆಲ್ಲೋ ಕಂಚು ಕಂಚಿಗೆ ಬಡಿಯಿತು.

ಆಮೇಲೆ ಮಾದಯ್ಯ ಇಳಿದರು, ಫ್ರೇಮಿನ ನಟ್ಟನಡುವೆ.

ಇಳಿದ ಕೂಡಲೇ ಮಂಡಿ ಕೈಕೊಟ್ಟಿತು. ಅವರು ಹಾಗೆಯೇ ಮರಳಲ್ಲಿ ಕುಸಿದು ಕೂತರು. ಚಂಪಾಳೂ ಕ್ಯಾಮೆರಾ ಸಮೇತ ಅವರ ಜೊತೆ ತಗ್ಗಿದಳು. ಮುದುಕ ಏದುಸಿರು ಬಿಡುತ್ತ ನಗುತ್ತಿದ್ದರು. ಮೇಷ್ಟ್ರು ಕಟ್ ಎನ್ನುವುದನ್ನು ಮರೆತೇಬಿಟ್ಟಿದ್ದರು.

ಆಮೇಲೆ ಇಬ್ಬರೂ ಸೇರಿ ಮಾದಯ್ಯನನ್ನು ಎತ್ತಿಕೊಂಡು ಬಂದು ಮಾನಿಟರಿನ ಮುಂದೆ ಕೂರಿಸಿದರು. ಅವರು ಮಂಡಿ ನೀವಿಕೊಳ್ಳುತ್ತ ನೋಡಿದರು. ಬರಿ ಹೊಳೆ ಉಳಿಯುವ ಜಾಗ ಬಂದಾಗ ಉಸಿರು ಹಿಡಿದರು, ಎಲ್ಲಿಗೆ ಹೋದೆನೋ ಎಂದು ತಮಗೇ ಗೊತ್ತಿಲ್ಲದವರ ಹಾಗೆ.

ಕಂಚು ಬಡಿದ ಸದ್ದಿಗೆ ಎರಡೂ ಕೈ ಮುಗಿದರು.

"ನಮ್ ಗುರುಗಳು," ಎಂದರು.

ಮಧ್ಯಾಹ್ನ ಮಗ ಬಂದು ಮಾದಯ್ಯನನ್ನು ಆಟೋದಲ್ಲಿ ಕೂರಿಸಿಕೊಂಡು ಆಸ್ಪತ್ರೆಗೆ ಹೊರಟ. ಆಟೋದಿಂದಲೇ ಮುದುಕ ಕೈ ಬೀಸಿದರು. ಚಂಪಾ ಅದು ಮರೆಯಾಗುವವರೆಗೂ ನಿಂತು ನೋಡಿ, ಕವಚ ಮಡಚಿಡುತ್ತ ಕೇಳಿದಳು.

"ಸಾರ್, ಕುಣಿಯುವವರ ಕೈ ಬಿಡಬೇಡ ಅಂತ ನೀವೇ ಹೇಳಿದ್ರಿ. ಇವತ್ತು ನಾನು ಬಿಟ್ಟೆ. ಆಗಲೇ ಚಿತ್ರ ಬಂತು."

ಮೇಷ್ಟ್ರು ಜೇಬಿನಿಂದ ನಿಂಬೆಹಣ್ಣು ತೆಗೆದು ಅವಳ ಅಂಗೈಯಲ್ಲಿಟ್ಟರು.

"ಬಿಟ್ಟೆ ಅಂತ ಯಾರು ಹೇಳಿದ್ದು? ಅವರು ಇಳಿಯೋ ಜಾಗದಲ್ಲಿ ಕಾಯ್ತಾ ನಿಂತಿದ್ದೆಯಲ್ಲ."